ವಜ್ರದ ಹೊಗೆ, ಮುತ್ತಿನ ಸುಣ್ಣ

ಹೈದರಾಬಾದಿನ ಕೊನೆಯ ನಿಜಾಮ ಮೀರ್ ಉಸ್ಮಾನ್ ಅಲಿ ಖಾನ್ ಕಾಗದ ಹಾರದಿರಲೆಂದು ಮೇಜಿನ ಮೇಲೆ ಒಂದು ಕಲ್ಲು ಇಟ್ಟುಕೊಂಡಿದ್ದರಂತೆ. ತಂದೆಯ ಹಳೆಯ ಬೂಟಿನ ತುದಿಯಲ್ಲಿ ತುರುಕಿಟ್ಟದ್ದು ಕೈಗೆ ಸಿಕ್ಕಿತೆಂದು ಊರವರು ಇವತ್ತಿಗೂ ಕಥೆ ಹೇಳುತ್ತಾರೆ. ಅದೇ ಜೇಕಬ್ ವಜ್ರ. ತೂಕ 184.75 ಕ್ಯಾರೆಟ್. ಒಂದು ಕ್ಯಾರೆಟ್ಟಿಗೆ 200 ಮಿಲಿಗ್ರಾಂ, ಅಂದರೆ ಹತ್ತಿರ ಹತ್ತಿರ 37 ಗ್ರಾಂ. 1995ರಲ್ಲಿ ಭಾರತ ಸರ್ಕಾರ ನಿಜಾಮರ ಟ್ರಸ್ಟಿನ ಒಡವೆಗಳನ್ನು 218 ಕೋಟಿ ರೂಪಾಯಿ ಕೊಟ್ಟು ಕೊಂಡಾಗ ಇದೂ ಬಂತು. ಈಗ ರಿಸರ್ವ್ ಬ್ಯಾಂಕಿನ ತಿಜೋರಿಯಲ್ಲಿದೆ. ಅದನ್ನು ಸುಟ್ಟು ನೋಡುತ್ತೇನೆಂದರೆ ಯಾರೂ ಕೊಡುವುದಿಲ್ಲ ಬಿಡಿ. ಆದರೆ ವಜ್ರವನ್ನು ಸುಟ್ಟು ನೋಡುವ ಧೈರ್ಯ ಒಂದು ಕಾಲಕ್ಕೆ ಕೆಲವರಿಗೆ ಬಂದಿದ್ದರಿಂದಲೇ ಒಂಬತ್ತನೇ ತರಗತಿಯ ಮಕ್ಕಳು ಇವತ್ತು ‘ಧಾತು ಎಂದರೇನು, ಸಂಯುಕ್ತ ಎಂದರೇನು’ ಎಂದು ಎರಡು ಅಂಕದ ಉತ್ತರ ಬರೆಯುತ್ತಿದ್ದಾರೆ.

ಹೈದರಾಬಾದಿನ ಹೆಸರು ಹೇಳಿದರೆ ನೆನಪಾಗುವುದು ಗೋಲ್ಕೊಂಡದ ವಜ್ರ, ಪತ್ತರಗಟ್ಟಿಯ ಮುತ್ತು, 1591ರ ಚಾರ್ಮಿನಾರ್. (ಬಿರಿಯಾನಿ ಇದೆ, ಅದು ಮಿಶ್ರಣದ ಪಾಠಕ್ಕೆ ಬೇಕಾಗುತ್ತದೆ.) ಗೋಲ್ಕೊಂಡ ಕೋಟೆಯಲ್ಲಿ ವಜ್ರದ ಗಣಿ ಇರಲಿಲ್ಲ, ಕೃಷ್ಣಾ ನದಿಯ ದಂಡೆಯ ಕೊಲ್ಲೂರಿನಂಥ ಕಡೆ ಅಗೆದು ತಂದದ್ದು ಇಲ್ಲಿ ಮಾರಾಟವಾಗುತ್ತಿತ್ತು. ಹದಿನೇಳನೆಯ ಶತಮಾನದಲ್ಲಿ ಫ್ರಾನ್ಸಿನ ವ್ಯಾಪಾರಿ ಟವರ್ನಿಯೆ ಆ ಗಣಿಗಳಿಗೇ ಹೋಗಿ ಬಂದ. ಮುತ್ತೂ ಇಲ್ಲಿಯದಲ್ಲ, ಸಮುದ್ರವಿಲ್ಲದ ಊರಿಗೆ ಬಸ್ರಾ ಕಡೆಯಿಂದ ಬಂದದ್ದು. ಇನ್ನು ಚಾರ್ಮಿನಾರ್: ಕಲ್ಲು ಮತ್ತು ಸುಣ್ಣದ ಗಾರೆ. ವಜ್ರ, ಮುತ್ತು, ಸುಣ್ಣ. ಇವುಗಳಲ್ಲಿ ಯಾವುದು ಒಡೆಯಲಾಗದ ಮೂಲವಸ್ತು, ಯಾವುದು ಹಲವು ಸೇರಿ ಆದದ್ದು? ಕಣ್ಣಿಂದ ನೋಡಿ ಹೇಳಲಾಗುವುದಿಲ್ಲ. ಬೆಲೆ ಕೇಳಿಯೂ ಹೇಳಲಾಗುವುದಿಲ್ಲ.

ಮೊದಲು ವಜ್ರದ ಕಥೆ. 1690ರ ದಶಕದಲ್ಲಿ ಫ್ಲಾರೆನ್ಸಿನಲ್ಲಿ ದೊಡ್ಡದೊಂದು ಮಸೂರದಿಂದ ಬಿಸಿಲನ್ನು ಒಟ್ಟುಮಾಡಿ ವಜ್ರದ ಮೇಲೆ ಬಿಟ್ಟರು. ವಜ್ರ ಮಾಯವಾಯಿತು. ಕರಗಲಿಲ್ಲ, ಒಡೆಯಲಿಲ್ಲ, ಇಲ್ಲವಾಯಿತು ಅಷ್ಟೆ. ಆವಿಯಾಯಿತೋ, ಉರಿದುಹೋಯಿತೋ ಎಂಬ ಜಗಳ ಮುಂದಿನ ಶತಮಾನದಲ್ಲಿ ಪ್ಯಾರಿಸ್ಸಿಗೆ ಬಂತು. ಅಲ್ಲಿಯ ಚಿನಿವಾರರು ಒಪ್ಪಲಿಲ್ಲ. ಬೆಂಕಿಯಲ್ಲಿಟ್ಟು ದೋಷ ತೆಗೆಯುವುದು ಅವರ ಕಸುಬಿನಲ್ಲೇ ಇತ್ತಲ್ಲ. ಒಬ್ಬ ಚಿನಿವಾರ ತನ್ನ ವಜ್ರಗಳನ್ನು ಇದ್ದಿಲ ಪುಡಿಯಲ್ಲಿ ಹೂತು, ಗಾಳಿಯಾಡದಂತೆ ಮುಚ್ಚಿ, ಕುಲುಮೆಗೆ ಇಟ್ಟ. ಗಂಟೆಗಟ್ಟಲೆ ಬೆಂದರೂ ಅವು ಹಾಗೇ ಹೊರಬಂದವು. ಚಿನಿವಾರನಿಗೆ ಗೆದ್ದ ಖುಷಿ. ಆದರೆ ಅಲ್ಲಿಯ ರಸಾಯನಶಾಸ್ತ್ರಜ್ಞ ಆಂಟ್ವಾನ್ ಲೆವಾಸಿಯೆಗೆ ಸಿಕ್ಕ ಸುಳಿವು ಬೇರೆ: ಗಾಳಿ ಇಲ್ಲದಿದ್ದರೆ ಉಳಿಯುತ್ತದೆ, ಗಾಳಿ ಇದ್ದರೆ ಹೋಗುತ್ತದೆ. ಹಾಗಾದರೆ ಇದು ಉರಿಯುವ ಪದಾರ್ಥ.

1772ರಲ್ಲಿ ಶುರುವಾದ ಪ್ರಯೋಗಗಳಲ್ಲಿ ಅವನು ಗಾಜಿನ ಪಾತ್ರೆಯೊಳಗೆ ವಜ್ರವನ್ನು ಮಸೂರದಿಂದ ಸುಟ್ಟ. ಆಮೇಲೆ ಪಾತ್ರೆಯಲ್ಲಿ ಉಳಿದ ಗಾಳಿಗೆ ಸುಣ್ಣದ ತಿಳಿನೀರು ತೋರಿಸಿದ. ತಿಳಿನೀರು ಹಾಲಿನಂತೆ ಬೆಳ್ಳಗಾಯಿತು. ಶಾಲೆಯಲ್ಲಿ ಸ್ಟ್ರಾದಿಂದ ಊದಿ ನಾವೂ ಮಾಡಿದ ಪ್ರಯೋಗವೇ ಇದು. ನಮ್ಮ ಉಸಿರಲ್ಲೂ, ಇದ್ದಿಲ ಹೊಗೆಯಲ್ಲೂ, ಉರಿದ ವಜ್ರದಲ್ಲೂ ಒಂದೇ ಅನಿಲ, ಇವತ್ತಿನ ಹೆಸರಿನಲ್ಲಿ ಇಂಗಾಲದ ಡೈಆಕ್ಸೈಡ್. ಆದರೂ ವಜ್ರವೂ ಇದ್ದಿಲೂ ಒಂದೇ ಎಂದು ಹೇಳಲು ಲೆವಾಸಿಯೆಗೆ ಬಾಯಿ ಬರಲಿಲ್ಲ. ಅದನ್ನು ತೂಗಿ ತೋರಿಸಿದವನು ಇಂಗ್ಲೆಂಡಿನ ಸ್ಮಿತ್‌ಸನ್ ಟೆನೆಂಟ್, 1797ರಲ್ಲಿ. ವಜ್ರದ ಚೂರುಗಳನ್ನು ಪೆಟ್ಲುಪ್ಪಿನ ಜತೆ ಚಿನ್ನದ ಕೊಳವೆಯಲ್ಲಿ ಕಾಯಿಸಿದ. ಅಷ್ಟೇ ತೂಕದ ಇದ್ದಿಲಿನಿಂದ ಎಷ್ಟು ಅನಿಲ ಬರಬೇಕೋ ಅಷ್ಟೇ ಬಂತು. ಹೆಚ್ಚಿಲ್ಲ, ಕಡಿಮೆಯಿಲ್ಲ, ಬೂದಿ ಉಳಿಯಲಿಲ್ಲ. ಒಂದಿಷ್ಟು ಸೋಂಕು ಬಿಟ್ಟರೆ ವಜ್ರದೊಳಗೆ ಇರುವುದೆಲ್ಲ ಇಂಗಾಲವೇ. ನೈಟ್ರೋಜನ್ ಸೋಂಕು ಕೂಡ ಬಹುತೇಕ ಇಲ್ಲದ ತಿಳಿಯಾದ ವಜ್ರಗಳನ್ನು ವ್ಯಾಪಾರಿಗಳು ಇವತ್ತೂ, ಅವು ಯಾವ ದೇಶದ ಗಣಿಯವಾದರೂ, ‘ಗೋಲ್ಕೊಂಡ’ ಎಂದೇ ಕರೆಯುತ್ತಾರೆ. ಊರಿನ ಹೆಸರೇ ಒಂದು ಧಾತುವಿನ ಶುದ್ಧತೆಗೆ ಅಳತೆಗೋಲಾದದ್ದು ಬೇರೆಲ್ಲೂ ನನಗೆ ಗೊತ್ತಿಲ್ಲ.

ಸುಣ್ಣದ ಕಥೆ ಇದಕ್ಕೆ ತಿರುಗುಮುರುಗು. 1789ರಲ್ಲಿ ಲೆವಾಸಿಯೆ ಹೊಸ ರಸಾಯನಶಾಸ್ತ್ರಕ್ಕೆ ಪಂಚಾಂಗ ಹಾಕಿದಂತೆ ಪುಸ್ತಕ ಬರೆದ. ಮಣ್ಣು, ನೀರು, ಗಾಳಿ, ಬೆಂಕಿ ಎಂಬ ಹಳೆಯ ಭೂತಗಳನ್ನು ಆಚೆಗಿಟ್ಟು, ಇನ್ನು ಮುಂದೆ ನಮ್ಮ ಕೈಲಿ ಒಡೆಯಲಾಗದ್ದೇ ಮೂಲವಸ್ತು ಎಂದು ಸಾರಿ, 33 ಹೆಸರುಗಳ ಪಟ್ಟಿ ಕೊಟ್ಟ. ಅದರಲ್ಲಿ ಆಕ್ಸಿಜನ್, ಹೈಡ್ರೋಜನ್, ಚಿನ್ನ, ಗಂಧಕ ಇದ್ದವು, ಬೆಳಕು ಮತ್ತು ಶಾಖವೂ ಇದ್ದವು, ಸುಣ್ಣವೂ ಇತ್ತು! ನಗುವ ಹಾಗಿಲ್ಲ. ಅವತ್ತಿನ ಯಾವ ಕುಲುಮೆಗೂ ಸುಣ್ಣ ಜಗ್ಗಿರಲಿಲ್ಲ. ಇದು ಯಾವುದೋ ಲೋಹ ಆಕ್ಸಿಜನ್ನಿನ ಜತೆ ಸೇರಿ ಆದದ್ದಿರಬಹುದೆಂಬ ಅನುಮಾನ ಅವನಿಗೇ ಇತ್ತು, ಆದರೆ ಅನುಮಾನದ ಮೇಲೆ ಪಟ್ಟಿಯಿಂದ ತೆಗೆಯಲಿಲ್ಲ. ಆ ಪ್ರಾಮಾಣಿಕತೆ ನನಗೆ ಅವನ ಉಳಿದ ಸಾಧನೆಗಳಿಗಿಂತ ಇಷ್ಟ. ಐದು ವರ್ಷದಲ್ಲಿ ಫ್ರಾನ್ಸಿನ ಕ್ರಾಂತಿಯವರು ಅವನ ತಲೆ ಕಡಿದರು. 1808ರಲ್ಲಿ ಇಂಗ್ಲೆಂಡಿನ ಹಂಫ್ರಿ ಡೇವಿ ಬೆಂಕಿಯ ಬದಲು ವಿದ್ಯುತ್ ಹರಿಸಿದ. ಸುಣ್ಣ ಬಿಟ್ಟುಕೊಟ್ಟಿತು, ಪಾದರಸದಲ್ಲಿ ಕೂಡಿಕೊಂಡು ಬಂದದ್ದು ಬೆಳ್ಳಿಬಣ್ಣದ ಒಂದು ಲೋಹ, ಕ್ಯಾಲ್ಸಿಯಂ.

ಗಾರೆ ಕೆಲಸದವರಿಗೆ ಇದರ ಅರ್ಧ ಮೊದಲೇ ಗೊತ್ತಿತ್ತು ಎನ್ನಬೇಕು. ಸುಣ್ಣಕಲ್ಲನ್ನು ಗೂಡಿಗೆ ಹಾಕಿ ಬೇಯಿಸಿದರೆ ಹಗುರವಾಗುತ್ತದೆ: 100 ಕಿಲೋ ಶುದ್ಧ ಕಲ್ಲು ಹಾಕಿದರೆ ಸಿಗುವುದು 56 ಕಿಲೋ ಸುಟ್ಟ ಸುಣ್ಣ. ಉಳಿದ 44 ಕಿಲೋ ಅನಿಲವಾಗಿ ಹಾರುತ್ತದೆಂದು ಎಡಿನ್‌ಬರೋದ ಜೋಸೆಫ್ ಬ್ಲ್ಯಾಕ್ 1750ರ ದಶಕದಲ್ಲಿ ತೂಗಿ ಅರಿತ. ಸುಟ್ಟ ಸುಣ್ಣಕ್ಕೆ ನೀರು ಹಾಕಿ. ಬುಸ್ಸೆಂದು ಕುದ್ದು ಅರಳುತ್ತದೆ. ಅದನ್ನು ಗೋಡೆಗೆ ಬಳಿದರೆ ತಿಂಗಳು ವರ್ಷ ಗಾಳಿಯಿಂದ ಅದೇ ಅನಿಲವನ್ನು ಹೀರಿ ಮತ್ತೆ ಕಲ್ಲಾಗುತ್ತದೆ. ಚಾರ್ಮಿನಾರಿನ ಗಾರೆ ಹೂಬಳ್ಳಿಗಳು ನಾನೂರು ವರ್ಷ ನಿಂತದ್ದು ಹೀಗೆ. ಆ ಕಲ್ಲು, ಪತ್ತರಗಟ್ಟಿಯ ಮುತ್ತಿನ ಬಹುಪಾಲು, ಮೊಟ್ಟೆಯ ಚಿಪ್ಪು ಎಲ್ಲವೂ ಕ್ಯಾಲ್ಸಿಯಂ ಕಾರ್ಬೊನೇಟ್. ಎಲ್ಲಿಂದ ತಂದರೂ ಅದರ 100 ಗ್ರಾಮಿನಲ್ಲಿ 40 ಗ್ರಾಂ ಕ್ಯಾಲ್ಸಿಯಂ, 12 ಗ್ರಾಂ ಇಂಗಾಲ, 48 ಗ್ರಾಂ ಆಕ್ಸಿಜನ್. ಬಿರಿಯಾನಿಗೂ ಸಂಯುಕ್ತಕ್ಕೂ ಇರುವ ವ್ಯತ್ಯಾಸ ಇಲ್ಲೇ: ಒಬ್ಬರ ಮನೆಯ ಬಿರಿಯಾನಿಯಲ್ಲಿ ಮಸಾಲೆ ಹೆಚ್ಚು, ಇನ್ನೊಬ್ಬರದರಲ್ಲಿ ಕಡಿಮೆ, ಎರಡೂ ಬಿರಿಯಾನಿಯೇ. ಸಂಯುಕ್ತಕ್ಕೆ ಆ ಸಲಿಗೆ ಇಲ್ಲ. ಜತೆಗೆ, ನೀರು ತಾಗಿದರೆ ಗುಳ್ಳೆಯೆಬ್ಬಿಸುವ ಲೋಹವೂ, ಕರಿ ಇದ್ದಿಲೂ, ಕಣ್ಣಿಗೆ ಕಾಣದ ಅನಿಲವೂ ಸೇರಿ ಮುತ್ತಾದಾಗ ಅವುಗಳ ಹಳೆಯ ಗುಣ ಒಂದೂ ಉಳಿದಿರುವುದಿಲ್ಲ.

ಈ ವಿಷಯ ಹೈದರಾಬಾದಿಗೆ ಬಂದದ್ದು ಉರ್ದುವಿನಲ್ಲಿ. 1918ರ ಉಸ್ಮಾನಿಯಾ ವಿಶ್ವವಿದ್ಯಾಲಯದಲ್ಲಿ ರಸಾಯನಶಾಸ್ತ್ರವನ್ನೂ ಉರ್ದುವಿನಲ್ಲೇ ಕಲಿಸಬೇಕೆಂದು ಹಿಂದಿನ ವರ್ಷವೇ ಅನುವಾದ ವಿಭಾಗ ತೆರೆದು ಮೌಲ್ವಿ ಅಬ್ದುಲ್ ಹಕ್ ಅವರ ಕೈಗೆ ಕೊಟ್ಟಿದ್ದರು. ಧಾತುವಿಗೆ ‘ಉನ್ಸುರ್’, ಸಂಯುಕ್ತಕ್ಕೆ ‘ಮುರಕ್ಕಬ್’. ಉನ್ಸುರ್ ಎಂದರೆ ಹಳೆಯ ಕಾವ್ಯದಲ್ಲಿ ಮಣ್ಣು, ನೀರು, ಗಾಳಿ, ಬೆಂಕಿ. ಲೆವಾಸಿಯೆ ಆಚೆಗಿಟ್ಟವೇ ಮತ್ತೆ ಪದದೊಳಗೆ ಬಂದು ಕೂತವು. ಮುರಕ್ಕಬ್ ವ್ಯಾಕರಣದಲ್ಲೂ ಉಂಟು. ನಮ್ಮ ‘ಧಾತು’ವೂ ಅಷ್ಟೇ: ವ್ಯಾಕರಣದ ಮೇಷ್ಟ್ರಿಗೆ ಕ್ರಿಯಾಪದದ ಮೂಲ, ವೈದ್ಯರಿಗೆ ರಸ ರಕ್ತಾದಿ ಏಳು, ರಸಾಯನಶಾಸ್ತ್ರಕ್ಕೆ ಇವತ್ತಿಗೆ 118. ಅದೇ 1918ರಲ್ಲಿ ಬೆಂಗಳೂರಿನಲ್ಲಿ ಬೆಳ್ಳಾವೆ ವೆಂಕಟನಾರಣಪ್ಪನವರು ‘ವಿಜ್ಞಾನ’ ಮಾಸಪತ್ರಿಕೆ ಹೊರಡಿಸುತ್ತಿದ್ದರು. ನಿಜಾಮರ ಸೀಮೆಯಲ್ಲಿದ್ದ ಕಲಬುರಗಿ, ಬೀದರ್, ರಾಯಚೂರಿನ ಹುಡುಗರಿಗೆ ಮಾತ್ರ ಕಾಲೇಜೆಂದರೆ ಹೈದರಾಬಾದು, ವಿಜ್ಞಾನವೆಂದರೆ ಉರ್ದು. ನಮ್ಮ ಮುತ್ಯಾ ಆ ಪೈಕಿ. ಮನೆಯಲ್ಲಿ ಕನ್ನಡ, ಲೆಕ್ಕ ಉರ್ದು. ನನ್ನ ಪುಸ್ತಕದಲ್ಲಿ ‘ಸಂಯುಕ್ತ’ ಓದಿ, “ತಮ್ಮಾ, ಇದು ನಮ್ಮ ಮುರಕ್ಕಬ್ ಅದ ನೋಡು” ಎಂದು ಹಳೆಯ ಗೆಳೆಯನ ಗುರುತು ಹತ್ತಿದವರಂತೆ ನಕ್ಕಿದ್ದರು.

ಕಳೆದ ರಂಜಾನ್ ಸಂಜೆ ಚಾರ್ಮಿನಾರ್ ಹತ್ತಿರದ ಪಾನ್ ಡಬ್ಬಾದ ಮುಂದೆ ನಿಂತು ಸುಮ್ಮನೆ ಲೆಕ್ಕ ಹಾಕಿದೆ. ಜೇಕಬ್ ವಜ್ರವನ್ನು ಪೂರ್ತಿ ಸುಟ್ಟು, ಬಂದ ಅನಿಲವನ್ನೆಲ್ಲ ಸುಣ್ಣದ ತಿಳಿನೀರಿಗೆ ಬಿಟ್ಟರೆ ತಳದಲ್ಲಿ ಕೂರುವ ಬಿಳಿ ಪುಡಿ ಸುಮಾರು 308 ಗ್ರಾಂ. ಮುತ್ತು ಯಾವುದರಿಂದ ಆಗಿದೆಯೋ ಅದೇ ಪುಡಿ. ಪಾನ್‌ವಾಲಾ ಡಬ್ಬಿಯ ಮುಚ್ಚಳ ತೆಗೆದ. ಸುಣ್ಣದ ಮೇಲೆ ತೆಳ್ಳನೆ ಗಟ್ಟಿ ಕೆನೆ ಕಟ್ಟಿತ್ತು. ಅದನ್ನು ಬೆರಳಿಂದ ಕೆತ್ತಿ ಮೋರಿಗೆ ಎಸೆದು, ಕೆಳಗಿನ ಮೆತ್ತನೆಯದನ್ನು ಎಲೆಗೆ ಸವರುತ್ತ ಅವನೆಂದ: “ಹವಾ ಲಗ್ ಗಯಾ, ಸಾಬ್.”