ಸಂಡೂರು: ಗಾದಿ ಹೋದರೂ ಸೂಜಿ ನಿಂತಿಲ್ಲ

ಅತ್ತಿಗುಪ್ಪೆಯಲ್ಲಿ ಮೆಟ್ರೊ ಹತ್ತಿ ಮೆಜೆಸ್ಟಿಕ್‌, ಅಲ್ಲಿಂದ ರಾತ್ರಿ ರೈಲಿಗೆ ಹೊಸಪೇಟೆ, ಬೆಳಿಗ್ಗೆ ಸಂಡೂರಿಗೆ ಬಸ್ಸು. ಗುಡ್ಡದ ಸಂದಿಯಲ್ಲಿ ರಸ್ತೆ ನುಸುಳಿದ್ದೇ ತಡ, ನಾಲ್ಕೂ ಕಡೆ ಬೆಟ್ಟ. ನಾರಿಹಳ್ಳ ಈ ಬೆಟ್ಟಸಾಲನ್ನು ಭೀಮಗಂಡಿ, ಓಬಳಗಂಡಿಗಳಲ್ಲಿ ಸೀಳಿಕೊಂಡು ಹರಿಯುತ್ತದೆ. ಕೋಟೆ ಕಟ್ಟುವ ಅಗತ್ಯವೇ ಇಲ್ಲದ ಇಂಥ ಕಣಿವೆಯನ್ನು ಘೋರ್ಪಡೆ ಮನೆತನ ಎರಡು ಶತಮಾನಕ್ಕೂ ಹೆಚ್ಚು ಕಾಲ ಬಿಡದೆ ಹಿಡಿದುಕೊಳ್ಳಲು ಹೆಣಗಿದ್ದು ಯಾಕೆಂದು ನೋಡಿದ ಕೂಡಲೇ ಅರ್ಥವಾಗುತ್ತದೆ.

ಅವರ ಸಂಡೂರು ಸಂಸ್ಥಾನ ಚಿಕ್ಕದು. ಸುಮಾರು 160 ಚದರ ಮೈಲಿ, ಅಂದರೆ ಈಗಿನ ಬೆಂಗಳೂರು ಮಹಾನಗರಕ್ಕಿಂತಲೂ ಕಡಿಮೆ. ಬಿಜಾಪುರದ ಸುಲ್ತಾನರ ಸೈನ್ಯದಲ್ಲಿದ್ದ ಮರಾಠ ಮನೆತನದ ಸಿದ್ದೋಜಿರಾವ್ 18ನೇ ಶತಮಾನದ ಆರಂಭದಲ್ಲಿ ಬೇಡ ಪಾಳೆಯಗಾರರಿಂದ ಇದನ್ನು ಗೆದ್ದ. ಗುತ್ತಿಯ ಮುರಾರಿರಾವ್ ಇದೇ ಮನೆಯವನು. 1776ರಲ್ಲಿ ಹೈದರಾಲಿಗೆ ಸೆರೆಸಿಕ್ಕು ಕಬ್ಬಾಳದುರ್ಗದಲ್ಲಿ ಸತ್ತ. ಗಜೇಂದ್ರಗಡ, ಮುಧೋಳಗಳಲ್ಲೂ ಘೋರ್ಪಡೆಗಳಿದ್ದರು. ಸಂಡೂರಿನ ಮೇಲೆ ಪೇಶ್ವೆ ಕಣ್ಣು ಹಾಕಿದ್ದು, 1817ರಲ್ಲಿ ಬ್ರಿಟಿಷ್ ಅಧಿಕಾರಿ ಮನ್ರೊ ಕಿತ್ತುಕೊಂಡದ್ದು, ಮರುವರ್ಷ ಬ್ರಿಟಿಷರೇ ಹಿಂದಿರುಗಿಸಿದ್ದು ಇವೆಲ್ಲ ಇತಿಹಾಸದ ಪುಸ್ತಕಗಳಲ್ಲಿವೆ. ಕೊನೆಯ ಅರಸರು ಯಶವಂತರಾವ್ ಹಿಂದೂರಾವ್ ಘೋರ್ಪಡೆ. 1928ರಲ್ಲಿ ಗಾದಿಗೆ ಬಂದರು, 1949ರಲ್ಲಿ ಸಂಸ್ಥಾನ ಮದ್ರಾಸ್ ಪ್ರಾಂತ್ಯಕ್ಕೆ ಸೇರಿತು, 1953ರಲ್ಲಿ ಬಳ್ಳಾರಿಯ ಜೊತೆ ಮೈಸೂರು ರಾಜ್ಯಕ್ಕೆ ಬಂತು. ಅವರ ಮಗ ಎಂ.ವೈ. ಘೋರ್ಪಡೆ ದೇವರಾಜ ಅರಸು ಸರ್ಕಾರದಲ್ಲಿ ಹಣಕಾಸು ಮಂತ್ರಿಯಾಗಿದ್ದರು. ಕಾಡುಪ್ರಾಣಿಗಳ ಕಪ್ಪು–ಬಿಳುಪು ಚಿತ್ರಗಳಿಂದಲೂ ಹೆಸರಾದವರು. ಅರಮನೆ ಶಿವವಿಲಾಸ ಈಗ ಹೋಟೆಲ್.

ಅರಮನೆಯ ಗೋಡೆ ನೋಡಿ ಬಂದವಳಿಗೆ ಸಂಡೂರು ಕುಶಲ ಕಲಾ ಕೇಂದ್ರದ ಚಾಪೆ ಬಿಟ್ಟೇಳಲು ಮನಸ್ಸಾಗಲಿಲ್ಲ. ಲಂಬಾಣಿ ಹೆಂಗಸರು ಸಾಲಾಗಿ ಕೂತು ಕಸೂತಿ ಹಾಕುತ್ತಿದ್ದರು. ಘೋರ್ಪಡೆಯವರೇ ಬೆಳೆಸಿದ ಸಂಸ್ಥೆ ಇದು. ಹಿರಿಯಳೊಬ್ಬಳು ಕೆಂಪು ಬಟ್ಟೆಯ ಮೇಲೆ ಬೆರಳುಗುರಿನಷ್ಟು ಕನ್ನಡಿಚೂರು ಇಟ್ಟು, ಅದರ ಮೇಲೆ ಅಡ್ಡ ಎರಡು, ಉದ್ದ ಎರಡು ದಾರ ಎಳೆದು ಹಿಡಿತ ಮಾಡಿದಳು. ಆಮೇಲೆ ಅಂಚಿನ ಸುತ್ತ ಸೂಜಿ ತಿರುಗಿಸುತ್ತ ಹೋದಂತೆ ಕನ್ನಡಿ ಗಟ್ಟಿಯಾಗಿ ಕೂತಿತು. ಮೊದಲೇ ಬರೆದ ಗೆರೆಯಿಲ್ಲ, ಅಳತೆಪಟ್ಟಿಯಿಲ್ಲ. ‘ಕಿಲಾನ್, ವೇಲೆ, ಬಕ್ಯಾ, ಮಾಕಿ...’ ಎಂದು ಹೊಲಿಗೆಗಳ ಹೆಸರು ಹೇಳುತ್ತ, ಹೇಳಿದ್ದನ್ನು ಅಲ್ಲೇ ಹಾಕಿ ತೋರಿಸಿದಳು. ‘ಅವ್ವ ಕಲಿಸಿದ್ದು. ನಮ್ಮ ಕಾಲಕ್ಕೆ ಫೇಟಿಯಾ (ಲಂಗ), ಕಾಂಚಳಿ (ರವಿಕೆ) ನಾವೇ ಹೊಲ್ಕೊಂಡು ಗಂಡನ ಮನೀಗೆ ಹೋಗ್ತಿದ್ವಿ. ಈಗಿನ ಹುಡುಗೇರು ಹಬ್ಬಕ್ಕೂ ಉಡಂಗಿಲ್ಲ’ ಅಂದಳು. ಮಾತು ನಿಲ್ಲಲಿಲ್ಲ, ಸೂಜಿಯೂ ನಿಲ್ಲಲಿಲ್ಲ. ದಾರದ ಬಣ್ಣ, ಕಣ್ಣಿನ ಪೊರೆ, ಮಳೆ, ಮೊಮ್ಮಗಳ ಕಾಲೇಜು, ಎಲ್ಲವೂ ಬಂತು.

ಸಂಡೂರು ಲಂಬಾಣಿ ಕಸೂತಿಗೆ ಭೌಗೋಳಿಕ ಸೂಚಿ ಮಾನ್ಯತೆ ಇದೆ. 2023ರಲ್ಲಿ ಹಂಪಿಯ ಜಿ–20 ಸಭೆಯ ವೇಳೆ 450ಕ್ಕೂ ಹೆಚ್ಚು ಲಂಬಾಣಿ ಹೆಂಗಸರು ಹೊಲಿದ 1,755 ವಸ್ತುಗಳನ್ನು ಪ್ರದರ್ಶಿಸಿ ಗಿನ್ನೆಸ್ ದಾಖಲೆ ಬರೆಯಲಾಯಿತು. ದಾಖಲೆಯ ಸುದ್ದಿಯನ್ನು ಆಕೆಯೂ ಹೆಮ್ಮೆಯಿಂದ ಹೇಳಿದಳು. ಆದರೆ ಒಂದು ರವಿಕೆಗೆ ತಿಂಗಳುಗಟ್ಟಲೆ ಕಣ್ಣು ಸವೆಸುವ ಕೆಲಸಕ್ಕೆ ಮೊಮ್ಮಗಳು ರಜೆಯಲ್ಲಿ ಮಾತ್ರ ಕೂರುತ್ತಾಳಂತೆ. ಆ ಹುಡುಗಿಯನ್ನು ದೂರುವುದು ಸರಿಯಲ್ಲ. ದಿನದ ದುಡಿಮೆಗೆ ತಕ್ಕ ಬೆಲೆ ಪೇಟೆಯಲ್ಲಿ ಕೊಡುವವರು ಹೆಚ್ಚಬೇಕು.

ಇನ್ನೊಂದು ಮಾತು ಮನಸ್ಸಿಗೆ ಹತ್ತಿದೆ. ಘೋರ್ಪಡೆ ಅರಸು ಮನೆತನ 1932ರಷ್ಟು ಹಿಂದೆಯೇ ದೇವಸ್ಥಾನದ ಬಾಗಿಲನ್ನು ದಲಿತರಿಗೆ ತೆರೆಯಿತು, ತಿರುವಾಂಕೂರಿನ ದೇವಸ್ಥಾನ ಪ್ರವೇಶ ಘೋಷಣೆ ಬಂದದ್ದು 1936ರಲ್ಲಿ. ಗಾಂಧೀಜಿ 1934ರಲ್ಲಿ ಸಂಡೂರಿಗೆ ಬಂದಿದ್ದರು. ಹೀಗಿದ್ದೂ ಬೆಟ್ಟದ ಮೇಲಿನ ಕುಮಾರಸ್ವಾಮಿ ಗುಡಿಯೊಳಗೆ ಹೆಂಗಸರು ಹೋಗಬಾರದೆಂಬ ಕಟ್ಟಳೆ ಹಿಂದಿನಿಂದ ಬಂದಿದೆ. ‘ನಾವು ಪಕ್ಕದ ಪಾರ್ವತಿ ಗುಡೀಗೆ ಕೈ ಮುಗೀತೀವಿ’ ಎಂದು ಕಸೂತಿಯ ಹಿರಿಯಳು ಬೇಸರವಿಲ್ಲದೆ ಹೇಳಿದಳು. ನನಗೆ ಬೇಸರವಾಯಿತು. ಅಷ್ಟು ಮುಂಚೆ ಒಂದು ಬಾಗಿಲು ತೆರೆದ ಊರು ಇದನ್ನೂ ತೆರೆದಿದ್ದರೆ ಎಷ್ಟು ಚೆನ್ನಾಗಿತ್ತು.

ಊರಿನವರ ದೊಡ್ಡ ದೂರು ಮಾತ್ರ ಗುಡಿಯದ್ದಲ್ಲ, ಗಣಿಯ ಅದಿರು ಲಾರಿಗಳದ್ದು. 2011ರಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿಯ ಗಣಿಗಾರಿಕೆಗೆ ತಡೆ ಹಾಕಿದಾಗ ರಸ್ತೆಗಳು ಉಸಿರಾಡಿದ್ದವಂತೆ. ಷರತ್ತಿನ ಮೇಲೆ ಗಣಿ ಮತ್ತೆ ಶುರುವಾಯಿತು. ಎಲೆ, ಅಂಗಡಿಯ ಬೋರ್ಡು, ಹಗ್ಗದ ಮೇಲಿನ ಬಟ್ಟೆ ಎಲ್ಲಕ್ಕೂ ಕೆಂಪು ಧೂಳು. ಬಿಳಿ ಬಟ್ಟೆಯ ಕೆಲಸವಿದ್ದ ದಿನ ಕಿಟಕಿ ಮುಚ್ಚಿಯೇ ಕೂರಬೇಕು ಎಂದ ಆಕೆ, ಹಳ್ಳಿ ಬಸ್ಸಿನ ಹೊತ್ತಾಯಿತೆಂದು ಸೂಜಿಯನ್ನು ಬಟ್ಟೆಗೆ ಚುಚ್ಚಿಟ್ಟು ಎದ್ದಳು. ಹೋಗುವವರು ಮಳೆ ಹಿಡಿದು ಬೆಟ್ಟ ಹಸಿರಾಗುವ ಸೆಪ್ಟೆಂಬರಿನಲ್ಲಿ ಹೋಗಿ, ಕಲಾ ಕೇಂದ್ರಕ್ಕೆ ಅರ್ಧ ದಿನ ಇಟ್ಟುಕೊಳ್ಳಿ, ಚೌಕಾಸಿ ಮಾಡಬೇಡಿ.