ಬೆರಳಿಲ್ಲದ ಪಾದದ ಒದೆತ

ಅಮೆರಿಕದ ಫುಟ್‌ಬಾಲ್ ನಮ್ಮ ಕಾಲ್ಚೆಂಡಾಟವಲ್ಲ. ಎರಡೂ ತುದಿ ಚೂಪಾದ ಚೆಂಡನ್ನು ಅಲ್ಲಿ ಹೆಚ್ಚಾಗಿ ಕೈಯಲ್ಲೇ ಹಿಡಿದು ಓಡುತ್ತಾರೆ, ಎಸೆಯುತ್ತಾರೆ. ಆದರೂ ಒದೆಯುವುದಕ್ಕೆಂದೇ ತಂಡದಲ್ಲಿ ಒಬ್ಬನಿರುತ್ತಾನೆ, ಅವನೇ ಪ್ಲೇಸ್‌ಕಿಕರ್. ಬಹುಪಾಲು ಹೊತ್ತು ಮೈದಾನದಂಚಿನಲ್ಲಿ ಕಾಯುವುದೇ ಅವನ ಪಾಡು. ಕರೆ ಬಂದಾಗ, ಜೊತೆಗಾರನೊಬ್ಬ ನೆಲಕ್ಕೆ ಆನಿಸಿ ಹಿಡಿದ ಚೆಂಡನ್ನು ಒದ್ದು, ಎರಡು ಕಂಬಗಳ ನಡುವೆ ಅಡ್ಡಪಟ್ಟಿಯ ಮೇಲಿಂದ ದಾಟಿಸಬೇಕು. ದಾಟಿದರೆ ಮೂರು ಅಂಕ.

ಟಾಮ್ ಡೆಂಪ್ಸಿ ಅವರಿಗೆ ಹುಟ್ಟಿನಿಂದಲೇ ಬಲಪಾದದಲ್ಲಿ ಬೆರಳುಗಳಿರಲಿಲ್ಲ, ಬಲಗೈಯಲ್ಲೂ ಇರಲಿಲ್ಲ. ಮುಂಭಾಗ ಚಪ್ಪಟೆಯಾದ ವಿಶೇಷ ಷೂ ತೊಟ್ಟು ಅವರು ಆ ಪಾದದಿಂದಲೇ ಒದೆಯುತ್ತಿದ್ದರು. 1970ರ ನವೆಂಬರ್ 8ರಂದು ನ್ಯೂ ಆರ್ಲಿಯನ್ಸ್‌ನಲ್ಲಿ ಅವರ ಸೇಂಟ್ಸ್ ತಂಡ ಡೆಟ್ರಾಯಿಟ್ ಲಯನ್ಸ್‌ಗಿಂತ ಒಂದು ಅಂಕ ಹಿಂದಿತ್ತು. ಉಳಿದದ್ದು ಎರಡೇ ಸೆಕೆಂಡು. ಕಂಬಗಳಿಗೆ 63 ಗಜ, ಎಂದರೆ ಸುಮಾರು 58 ಮೀಟರ್. ಆವರೆಗಿನ ದಾಖಲೆಯೇ 56 ಗಜ. ಡೆಂಪ್ಸಿ ಒದ್ದರು, ಚೆಂಡು ದಾಟಿತು. ಸೇಂಟ್ಸ್‌ಗೆ 19–17ರ ಗೆಲುವು.

ಚಪ್ಪಟೆ ಷೂವಿನಿಂದ ಅವರಿಗೆ ಅನುಕೂಲವಾಯಿತೆಂದು ತಕರಾರು ತೆಗೆದವರಿದ್ದರು. ಬೆರಳಿಲ್ಲದ ಪಾದವೂ ಅನುಕೂಲವೇ? ವಿಚಿತ್ರ ತರ್ಕ! 1977ರಲ್ಲಿ, ಒದೆಯುವ ಷೂವಿನ ಮುಂಭಾಗ ಸಾಮಾನ್ಯ ಷೂವಿನಂತೆಯೇ ಇರಬೇಕೆಂಬ ನಿಯಮವೂ ಬಂದಿತು. ಆ ಬಳಿಕವೂ ಡೆಂಪ್ಸಿ 1979ರವರೆಗೆ ಆಡಿದರು. 63 ಗಜವನ್ನು ಕೆಲವರು ಸರಿಗಟ್ಟಿದರು. ಮೀರಿದ್ದು 2013ರಲ್ಲಿ, ಗಾಳಿ ತೆಳುವಾದ ಎತ್ತರದ ಊರು ಡೆನ್ವರ್‌ನಲ್ಲಿ, ಮ್ಯಾಟ್ ಪ್ರೇಟರ್. ಅದೂ ಒಂದೇ ಗಜದಿಂದ.