ಆಟದ ಅಂಗಳದಿಂದ ನ್ಯಾಯಪೀಠಕ್ಕೆ

ತೋಳಿನ ಬಲಕ್ಕೂ ವಿದ್ಯೆಗೂ ಎಣ್ಣೆ-ಸೀಗೆಕಾಯಿಯ ಸಂಬಂಧವೆಂಬ ಭಾವನೆ ನಮ್ಮಲ್ಲಿ ಬಹುಕಾಲದಿಂದ ಬೇರೂರಿದೆ. ಗರಡಿಯಲ್ಲಿ ಹೆಸರಾದ ಹುಡುಗನಿಗೆ ತರಗತಿಯ ಕಡೆಯ ಬೆಂಚೇ ಮೀಸಲೆಂದು ತಿಳಿಯುವವರು ಅಧ್ಯಾಪಕವರ್ಗದಲ್ಲಿಯೂ ವಿರಳರಲ್ಲ. ಈ ಭಾವನೆಯನ್ನು ತಮ್ಮ ಬಾಳಿನಿಂದಲೇ ಅಲ್ಲಗಳೆದ ಒಬ್ಬರ ಕಥೆಯನ್ನು ವಾಚಕರ ಮುಂದಿಡಬೇಕೆಂದು ನನಗೆ ಬಹುದಿನಗಳ ಆಸೆ. ಅವರ ಹೆಸರು ಅಲನ್ ಪೇಜ್.

ಪೇಜ್ ಹುಟ್ಟಿದ್ದು ೧೯೪೫ರಲ್ಲಿ, ಅಮೆರಿಕದ ಒಹಾಯೊ ಸಂಸ್ಥಾನದ ಕ್ಯಾಂಟನ್ ಪಟ್ಟಣದ ಕಪ್ಪು ಜನಾಂಗದ ಮನೆಯೊಂದರಲ್ಲಿ. ೧೯೬೩ರಲ್ಲಿ ಬಾಗಿಲು ತೆರೆದ, ವೃತ್ತಿಪರ ಫುಟ್‌ಬಾಲಿನ ಕೀರ್ತಿಭವನ ಇರುವುದು ಅದೇ ಊರಿನಲ್ಲಿ. ಆ ಕಟ್ಟಡ ಮೇಲೇಳುತ್ತಿದ್ದಾಗ ಈ ತರುಣ ಅಲ್ಲಿ ಕೆಲಸಗಾರನಾಗಿ ದುಡಿದಿದ್ದ. ೧೯೮೮ರಲ್ಲಿ ಅದೇ ಭವನ ಅವರನ್ನು ಆಟದ ಮಹನೀಯರ ಸಾಲಿಗೆ ಸೇರಿಸಿಕೊಂಡಿತು.

ಅಮೆರಿಕದ ಫುಟ್‌ಬಾಲ್ ಹೆಸರಿಗೆ ಮಾತ್ರ ಕಾಲ್ಚೆಂಡು. ಆಡುವುದು ಹೆಚ್ಚಾಗಿ ಕೈಯಿಂದ. ಹನ್ನೊಂದು ಮಂದಿಯ ಎರಡು ಪಡೆಗಳು ಎದುರುಬದುರಾಗಿ ನಿಲ್ಲುತ್ತವೆ. ಜಯಘೋಷವೆಲ್ಲ ಚೆಂಡೆಸೆಯುವವನಿಗೆ, ಹಿಡಿದು ಓಡುವವನಿಗೆ. ಮುಂಚೂಣಿಯ ಮಲ್ಲರಿಗೆ ಚೆಂಡು ಸೋಕುವುದೇ ಅಪರೂಪ. ಎದುರಿನ ಮೈಗಳ ಗೋಡೆಯನ್ನು ಭೇದಿಸಿ ಎಸೆಯುವವನನ್ನು ಕೆಡಹುವುದು ರಕ್ಷಣಾ ಪಂಕ್ತಿಯವರ ಕಾಯಕ. ಪೇಜ್ ದೇಹಭಾರಕ್ಕಿಂತ ಚುರುಕನ್ನೇ ನೆಚ್ಚಿದರು. ನೋಟರ್ ಡೇಮ್ ವಿಶ್ವವಿದ್ಯಾಲಯದ ಪದವಿ ಪಡೆದು ೧೯೬೭ರಲ್ಲಿ ಮಿನೆಸೋಟ ವೈಕಿಂಗ್ಸ್ ತಂಡವನ್ನು ಸೇರಿದರು. ಆ ತಂಡದ ಮುಂಚೂಣಿಯ ನಾಲ್ವರಿಗೆ ಉಡುಪಿನ ಬಣ್ಣದಿಂದಾಗಿ ‘ನೇರಳೆ ನರಭಕ್ಷಕರು’ ಎಂಬ ಬಿರುದು ಬಂದಿತು. ೧೯೭೧ರಲ್ಲಿ ಇಡೀ ಲೀಗಿನ ಅತ್ಯಮೂಲ್ಯ ಆಟಗಾರನೆಂಬ ಮನ್ನಣೆ ಪೇಜರಿಗೆ ಸಂದಿತು. ರಕ್ಷಣೆಯ ಆಟಗಾರನಿಗೆ ಅದು ದೊರೆತದ್ದು ಅದೇ ಮೊದಲು. ತಂಡವಾದರೋ ನಾಲ್ಕು ಸಲ ಸೂಪರ್ ಬೌಲ್ ತಲುಪಿ, ನಾಲ್ಕು ಸಲವೂ ಸೋತಿತು.

ಪೇಜ್ ತಾವೇ ಹೇಳಿರುವ ಒಂದು ಪ್ರಸಂಗ ನನ್ನ ಮನಸ್ಸನ್ನು ಬಿಟ್ಟಿಲ್ಲ. ಆಟದ ತಂತ್ರಗಳ ಪುಸ್ತಕವನ್ನು ತಂಡದ ಸಭೆಯಲ್ಲಿ ಗಟ್ಟಿಯಾಗಿ ಓದಬೇಕಾಗಿ ಬಂದಾಗ, ಕಾಲೇಜುಗಳಲ್ಲಿ ಆಡಿ ಬಂದ ಜೊತೆಗಾರರಲ್ಲಿ ಕೆಲವರಿಗೆ ಓದಲು ಬರಲಿಲ್ಲವಂತೆ! ಅಷ್ಟು ವರ್ಷ ಅವರನ್ನು ತರಗತಿಯಿಂದ ತರಗತಿಗೆ ದಾಟಿಸಿದವರು ಯಾರು? ನಮ್ಮಂಥ ಉಪಾಧ್ಯಾಯರೇ ಅಲ್ಲವೆ? ಗೆಲುವಿನ ಮೋಹದಲ್ಲಿ ಅಕ್ಷರದ ಋಣವನ್ನು ಯಾರೂ ಲೆಕ್ಕಕ್ಕಿಡಲಿಲ್ಲ.

ಪೇಜರು ಆಡುತ್ತಲೇ ಮಿನೆಸೋಟ ವಿಶ್ವವಿದ್ಯಾಲಯದಲ್ಲಿ ನ್ಯಾಯಶಾಸ್ತ್ರವನ್ನು ಓದಿ ೧೯೭೮ರಲ್ಲಿ ಪದವೀಧರರಾದರು. ದೂರದ ಓಟದ ಅಭ್ಯಾಸದಿಂದ ಅವರ ಮೈ ಇಳಿದುದು ಒಪ್ಪಿಗೆಯಾಗದೆ ಅದೇ ವರ್ಷ ತಂಡ ಅವರನ್ನು ಕೈಬಿಟ್ಟಿತು. ೧೯೮೧ರವರೆಗೆ ಷಿಕಾಗೊ ಬೇರ್ಸ್ ತಂಡದಲ್ಲಿ ಆಡಿ, ಆಮೇಲೆ ವಕೀಲಿ ವೃತ್ತಿಗೆ ನಿಂತರು. ಮಿನೆಸೋಟದಲ್ಲಿ ಉಚ್ಚತಮ ನ್ಯಾಯಾಲಯದ ನ್ಯಾಯಮೂರ್ತಿಗಳನ್ನು ಮತದಾರರು ಆರಿಸುವ ಪದ್ಧತಿಯುಂಟು. ೧೯೯೨ರಲ್ಲಿ, ಹಾಲಿ ನ್ಯಾಯಮೂರ್ತಿಯೊಬ್ಬರ ಅವಧಿಯನ್ನು ವಿಸ್ತರಿಸಿ ಚುನಾವಣೆ ತಪ್ಪಿಸಹೊರಟಾಗ ಪೇಜ್ ದಾವೆ ಹೂಡಿ ಗೆದ್ದರು. ಬಳಿಕ ಚುನಾವಣೆಯನ್ನೂ ಗೆದ್ದರು. ಆ ಪೀಠವೇರಿದ ಮೊದಲ ಕಪ್ಪು ಜನಾಂಗದವರು ಅವರೇ. ೨೦೧೫ರಲ್ಲಿ, ಕಾನೂನು ವಿಧಿಸಿದ ಎಪ್ಪತ್ತರ ವಯಸ್ಸು ತುಂಬಿದಾಗ ನಿವೃತ್ತರಾದರು. ೨೦೧೮ರಲ್ಲಿ ರಾಷ್ಟ್ರಾಧ್ಯಕ್ಷರ ಸ್ವಾತಂತ್ರ್ಯ ಪದಕ ಅವರಿಗೆ ದೊರೆಯಿತು.

ಕೀರ್ತಿಭವನದ ಸಮಾರಂಭದಲ್ಲಿ ತಮ್ಮನ್ನು ಪರಿಚಯಿಸಲು ಅವರು ಕರೆದದ್ದು ಆಟದ ಗುರುವನ್ನಲ್ಲ, ಶಾಲೆಯ ಮುಖ್ಯೋಪಾಧ್ಯಾಯಿನಿಯೊಬ್ಬರನ್ನು. ತಾವು ಮಾತನಾಡಿದ್ದೂ ವಿದ್ಯೆಯನ್ನು ಕುರಿತೇ. ಅದೇ ೧೯೮೮ರಲ್ಲಿ ಪೇಜ್ ದಂಪತಿಗಳು ವಿದ್ಯಾರ್ಥಿವೇತನದ ಪ್ರತಿಷ್ಠಾನವೊಂದನ್ನು ಸ್ಥಾಪಿಸಿದರು. ಬಿಳಿಯರಲ್ಲದ ವರ್ಗಗಳ ತರುಣರಿಗೆ ಅದು ನೆರವೀಯುತ್ತದೆ. ಆದರೆ ಒಂದು ನಿಬಂಧನೆ: ಹಣ ಪಡೆದವನು ಚಿಕ್ಕ ಮಕ್ಕಳೊಡನೆ ಕುಳಿತು ಅವರ ಓದಿಗೆ ನೆರವಾಗತಕ್ಕದ್ದು.

ಈ ನಿಬಂಧನೆಯೇ ನನಗೆ ಅವರ ಎಲ್ಲ ಪದಕಗಳಿಗಿಂತ ದೊಡ್ಡದಾಗಿ ಕಾಣುತ್ತದೆ. ಎಲ್ಲ ಆಟಗಾರರೂ ನ್ಯಾಯಮೂರ್ತಿಗಳಾಗಲಾರರು, ಆಗಬೇಕೆಂದೂ ಇಲ್ಲ. ಕಡೆಯ ಬೆಂಚಿನ ಬಲಶಾಲಿ ಹುಡುಗ ಕೈಯಲ್ಲಿ ಹಿಡಿದ ಪುಸ್ತಕವನ್ನು ನಾಚದೆ ಗಟ್ಟಿಯಾಗಿ ಓದಬಲ್ಲವನಾದರೆ, ಅಷ್ಟರಮಟ್ಟಿಗೆ ನಮ್ಮ ಸಂಬಳ ನ್ಯಾಯವಾಗಿ ಸಂದಂತೆ.